ಕಪಾಟಿನ ಮೇಲೆ ಮೂರು ಬಡಿತ

ಸಿನಿಮಾ ಜನರ ಲೆಕ್ಕವೇ ಬೇರೆ. ನಾಯಕ ಯಾರಿಗಾದರೂ ಕಪಾಳಕ್ಕೆ ಬಿಗಿಯಬೇಕಾದರೆ ಅದಕ್ಕೊಬ್ಬ ಫೈಟ್ ಮಾಸ್ತರು ಬೇಕು, ಸೊಂಟ ಕುಣಿಸಬೇಕಾದರೆ ಡ್ಯಾನ್ಸ್ ಮಾಸ್ತರು ಬೇಕು, ನಾಯಿ ಬಾಲ ಅಲ್ಲಾಡಿಸಬೇಕಾದರೂ ಅದರ ಮಾಸ್ತರು ಬಿಸ್ಕತ್ತು ಹಿಡಿದು ಕ್ಯಾಮರಾದ ಪಕ್ಕ ಕುಕ್ಕರಗಾಲಲ್ಲಿ ಕೂತಿರುತ್ತಾನೆ. ಆದರೆ ಗುರುತು ಪರಿಚಯವಿಲ್ಲದ ಇಬ್ಬರು ಒಬ್ಬರ ಮೈಮೇಲೊಬ್ಬರು ಕೈಯಿಡಬೇಕಾದಾಗ ಮಾತ್ರ ಯಾರೂ ಬೇಡ. ಅದು ತಾನಾಗಿಯೇ ಬರುತ್ತದಂತೆ. ಹಾಗೆ ತಾನಾಗಿ ಬಂದದ್ದರ ಕಥೆಗಳು ಮೇಕಪ್ ಕೋಣೆಗಳಲ್ಲಿ ಪಿಸುಪಿಸು ಎಂದು ಎಷ್ಟು ಓಡಾಡಿದವೆಂದರೆ, ಕೊನೆಗೆ ಸರಣಿಗಳನ್ನು ತೋರಿಸುವ ಕಂಪನಿಗಳೇ ಹೆದರಿ, ಇಂಥ ದೃಶ್ಯಗಳಿಗೂ ಒಬ್ಬರು ಇರಲೇಬೇಕು ಎಂದು ಕಟ್ಟಪ್ಪಣೆ ಮಾಡಿದವು. ಬೇಲಿಯಕ್ಕ ಬಂದದ್ದು ಹಾಗೆ.

ಬೇಲಿ ಅವಳ ಹೆಸರಲ್ಲ. ಕಾಗದದಲ್ಲಿ ಅವಳ ಕೆಲಸ ಇಂಟಿಮಸಿ ಕೋಆರ್ಡಿನೇಟರ್ ಎಂದಿತ್ತು. ಅಷ್ಟುದ್ದ ಹೇಳಿ ಮುಗಿಸುವಷ್ಟರಲ್ಲಿ ಟೀ ಆರುತ್ತದೆಂದು ಲೈಟಿನವರು, ಇಬ್ಬರ ನಡುವೆ ನಿಲ್ಲುವವಳಲ್ಲವೆ ಎಂದು, ಬೇಲಿ ಎಂದರು, ತಲೆಗೂದಲ ಬಿಳುಪಿಗೆ ಮರ್ಯಾದೆ ಕೊಟ್ಟು ಅಕ್ಕ ಸೇರಿಸಿದರು. ಅವಳಿಗೇನೂ ಬೇಜಾರಿರಲಿಲ್ಲ. ಅರ್ಧ ಆಯುಷ್ಯ ಡ್ಯಾನ್ಸ್ ಮಾಸ್ತರರ ಹಿಂದೆ ಸಹಾಯಕಿಯಾಗಿ ಕುಣಿದು, ಮಂಡಿ ಸವೆದ ಮೇಲೆ ತರಬೇತಿಗೆ ಹೋಗಿ ಕಲಿತ ವಿದ್ಯೆ ಇದು. ಕೆಲಸವೂ ಒಂದು ಥರದ ಕುಣಿತವೇ. ಕೈ ಎಲ್ಲಿಂದ ಹೊರಟು ಎಲ್ಲಿ ನಿಲ್ಲಬೇಕು, ಎಲ್ಲಿಗೆ ಹೋಗಕೂಡದು, ಮೈಭಾರ ಯಾವ ಕಾಲಿನ ಮೇಲಿರಬೇಕು, ಯಾವ ಮಾತಿಗೆ ಮುಖ ತಿರುಗಬೇಕು ಎಂದು ಇಬ್ಬರನ್ನೂ ಬೇರೆ ಬೇರೆ ಕೂರಿಸಿ ಕೇಳಿ, ಒಪ್ಪಿಸಿ, ಹೆಜ್ಜೆ ಕಲಿಸಿದ ಹಾಗೆ ಕಲಿಸುವುದು. ಒಪ್ಪಿದ್ದರಾಚೆ ಒಂದು ಬೆರಳು ಸರಿದರೂ ನಿಲ್ಲಿಸುವುದು.

ಈ ನಿಲ್ಲಿಸುವುದೇ ಅವಳ ಕೊರಳಿಗೆ ಬಿದ್ದ ಉರುಳು. ಹಿಂದೆ ಒಂದು ಕಡೆ, ನಟಿಯ ಕಣ್ಣಲ್ಲಿ ದಳದಳ ನೀರಿಳಿಯುವುದನ್ನು ಕಂಡು ಎದೆ ಹೊಡೆದುಕೊಂಡು ‘ನಿಲ್ಲಿಸಿ’ ಎಂದು ಕೂಗಿದ್ದಳು. ನೋಡಿದರೆ ಗ್ಲಿಸರಿನ್ ಒಂದು ತೊಟ್ಟು ಹೆಚ್ಚಾಗಿತ್ತು, ಅಷ್ಟೆ. ಆ ನಟಿಯೇ ಹೊಟ್ಟೆ ಹಿಡಿದುಕೊಂಡು ನಕ್ಕಳು. ಆ ನಗು ಸೆಟ್ಟಿನಿಂದ ಸೆಟ್ಟಿಗೆ ಕಾಲಿಲ್ಲದೆ ನಡೆಯಿತು. ಆಮೇಲೆ ಬಹಳ ಕಾಲ ಬೇಲಿಯಕ್ಕನ ಫೋನು ಸದ್ದು ಮಾಡಲಿಲ್ಲ. ಈಗ ಈ ಸರಣಿ ಸಿಕ್ಕಿದ್ದೇ ಪುಣ್ಯ. ಇನ್ನೊಂದು ಸಲ ಸುಮ್ಮಸುಮ್ಮನೆ ಕೂಗಿದರೆ ಈ ಕೆಲಸಕ್ಕೆ ಎಳ್ಳುನೀರು ಬಿಟ್ಟಂತೆಯೇ. ಕೂಗಬೇಕಾದಾಗ ಕೂಗದೆ ಹೋದರೆ? ಅತ್ತ ದರಿ, ಇತ್ತ ಪುಲಿ.

ಸರಣಿಯ ಅಂಥದೊಂದು ದೃಶ್ಯದ ಚಿತ್ರೀಕರಣಕ್ಕೆ ಹಿಂದಿನ ಸಂಜೆ ಅವಳ ಅಕ್ಕ ಹೊಲಿಗೆ ಯಂತ್ರದ ಮುಂದೆ ಕೂತು ಮೈಬಣ್ಣದ ಬಟ್ಟೆಯೊಳಗೆ ತೆಳು ಸ್ಪಂಜು ತುಂಬುತ್ತಿದ್ದಳು. ಬೀದಿಗೆಲ್ಲ ಅವಳು ಟೈಲರಮ್ಮ. ಅಕ್ಕತಂಗಿ ಇಬ್ಬರೇ ಇರುವ ಆ ಮನೆಯ ಮುಂದಿನ ಕೋಣೆಯೇ ಅವಳ ಅಂಗಡಿ.

“ಇದೇನೇ ಇಷ್ಟು ಪುಟ್ಟ ದಿಂಬು? ಗುಬ್ಬಿ ಮಲಗುತ್ತಾ ಇದ್ರ ಮೇಲೆ?”

“ಇಬ್ಬರ ಮಧ್ಯೆ ಇಡೋದು ಅಕ್ಕ. ಸೊಂಟದ ಹತ್ರ ಒಂದು, ಎದೆ ಹತ್ರ ಒಂದು. ಮೈಗೆ ಮೈ ತಾಗಬಾರದಲ್ಲ.”

“ತಾಗಬಾರದು ಅಂದ್ರೆ ದೂರ ನಿಂತ್ಕೊಳ್ಳಲಿ. ಸ್ಪಂಜು ಯಾಕೆ ದಂಡ?” ಎಂದು ಟೈಲರಮ್ಮ ದಾರವನ್ನು ಹಲ್ಲಲ್ಲಿ ಕಡಿದಳು.

ಕೈಭಾರ ಎಲ್ಲಿ ಬೀಳುತ್ತದೆಂದು ನೋಡಲು ಬೇಲಿಯಕ್ಕ ಅಕ್ಕನನ್ನೇ ಬೀರುವಿಗೆ ಬೆನ್ನು ಕೊಟ್ಟು ನಿಲ್ಲಿಸಿದಳು. ದೃಶ್ಯದಲ್ಲಿ ಅನುಮಾನದ ಗಂಡನೊಬ್ಬ ಹೆಂಡತಿಯನ್ನು ಅಡುಗೆಮನೆಯ ಕಪಾಟಿಗೆ ಒತ್ತಿ ನಿಲ್ಲಿಸುತ್ತಾನೆ. ಅವನ ಎಡಗೈ ಅವಳ ತಲೆಯ ಪಕ್ಕ ಕಪಾಟಿನ ಮೇಲೆ, ಬಲ ಮುಂಗೈ ಅವಳ ಭುಜಗಳ ಅಡ್ಡಕ್ಕೆ. ಬೇಲಿಯಕ್ಕ ಹಾಗೆಯೇ ಕೈಯಿಟ್ಟು ಬಾಗಿದಳು.

“ಏ, ಕತ್ತು ಕಣೇ, ಕತ್ತು,” ಎಂದಳು ಟೈಲರಮ್ಮ.

ಬೇಲಿಯಕ್ಕ ಎಡಗೈಯನ್ನು ಬೀರುವಿಗೆ ಗಟ್ಟಿಯಾಗಿ ಊರಿದಳು. ಮೈಭಾರವೆಲ್ಲ ಆ ಕೈಗೆ ಹೋಯಿತು, ಮುಂಗೈ ಹಗುರಾಯಿತು. “ಈಗ?”

“ಈಗ ಏನೂ ಇಲ್ಲ.”

ಅಷ್ಟರಲ್ಲಿ ಹೊಲಿಯಲು ಕೊಟ್ಟ ಬಟ್ಟೆ ಕೇಳಲು ಬಂದ ಪಕ್ಕದ ಮನೆಯಾಕೆ ಬಾಗಿಲಲ್ಲಿ ನಿಂತು ನೋಡಿ, ಅಕ್ಕತಂಗಿಯರ ಜಗಳ ಕೈ ಕೈ ಮಿಲಾಯಿಸುವಷ್ಟಕ್ಕೆ ಬಂತಲ್ಲಾ ಎಂದು ಬಿಡಿಸಲು ಓಡಿ ಬಂದಳು. ಮೂವರೂ ಸುಸ್ತಾಗುವವರೆಗೆ ನಕ್ಕರು. ನೆರೆಯಾಕೆ ಹೋದ ಮೇಲೂ ಟೈಲರಮ್ಮ ತಂಗಿಯ ಕೈ ಬಿಡಲಿಲ್ಲ. “ಇಷ್ಟು ನಕ್ಕರೂ ಮುಖ ಅರಳಲಿಲ್ಲವಲ್ಲೇ.”

“ಹೆದರಿಕೆ ಅಕ್ಕ. ನೋಡಬೇಕಾದದ್ದನ್ನ ನಾನು ನೋಡದೆ ಹೋದ್ರೆ ಅಂತ.”

ಟೈಲರಮ್ಮ ಎರಡು ದಿಂಬುಗಳನ್ನೂ ಮಡಚಿ ತಂಗಿಯ ಚೀಲಕ್ಕೆ ಹಾಕಿದಳು.

ಚಿತ್ರೀಕರಣ ಒಂದು ಬಾಡಿಗೆ ಮನೆಯಲ್ಲಿ. ಮನೆಯವರ ಕುರ್ಚಿ ಮೇಜುಗಳೆಲ್ಲ ಅಂಗಳಕ್ಕೆ ಬಿದ್ದಿದ್ದವು, ಅಡುಗೆಮನೆಯ ಕಿಟಕಿಗೆ ಕರೀ ಬಟ್ಟೆ ಹೊದಿಸಿದ್ದರು. ಬಾಗಿಲ ಚೌಕಟ್ಟಿನಲ್ಲಿ ಆ ಮನೆಯ ಮಗು ಬೆಳೆದ ಎತ್ತರಗಳನ್ನು ಯಾರೋ ಪೆನ್ಸಿಲಿನಲ್ಲಿ ಗೀಚಿಟ್ಟಿದ್ದರು. ಬೇಲಿಯಕ್ಕ ಒಳಗೆ ಕಾಲಿಡುತ್ತಲೇ ಮ್ಯಾನೇಜರ್ ಎದುರಾದ.

“ಅಮ್ಮಾ, ತಪ್ಪು ತಿಳೀಬೇಡಿ. ಕಂಪನಿಯವರು ನೀವು ಇರಬೇಕು ಅಂದಿದ್ದಾರೆ, ಇರಿ. ಮಾತಾಡಬೇಕು ಅಂತ ಏನೂ ಹೇಳಿಲ್ಲ. ದೊಡ್ಡವರು ಊಟದ ಹೊತ್ತಿಗೆ ಏರ್‌ಪೋರ್ಟಿಗೆ ಹೊರಡಬೇಕು. ಒಂದು ಟೇಕು ಹಾಳಾದರೂ ನನ್ನ ತಲೆ ಹೋಗುತ್ತೆ, ನನ್ನದಕ್ಕೆ ಮುಂಚೆ ನಿಮ್ಮದು.”

ದೊಡ್ಡವರೆಂದರೆ ನಾಯಕನಟ. ಸೆಟ್ಟಿನಲ್ಲಿ ಅವರನ್ನು ಬೇರೆ ಯಾವ ಹೆಸರಿನಿಂದ ಕರೆಯುವ ಎದೆಗಾರಿಕೆಯೂ ಯಾರಿಗಿರಲಿಲ್ಲ. ಕೆಟ್ಟ ಮನುಷ್ಯರೇನಲ್ಲ, ಎಲ್ಲರೂ ಎದ್ದು ನಿಲ್ಲುವುದನ್ನು ನೋಡಿ ನೋಡಿ, ಕೂತವರ ಮುಖ ಹೇಗಿರುತ್ತದೆಂದು ಮರೆತಿದ್ದರು, ಅಷ್ಟೆ. ಹೆಂಡತಿಯ ಪಾತ್ರದ ಹುಡುಗಿ ಮಾತ್ರ ಹೊಸಬಳು. ಇದು ಅವಳ ಮೊದಲ ದೊಡ್ಡ ಪಾತ್ರ. ಮೇಕಪ್ ಕೋಣೆಯಲ್ಲಿ ಕನ್ನಡಿಯೊಳಗಿಂದಲೇ ಬೇಲಿಯಕ್ಕನನ್ನು ನೋಡಿ ಕೇಳಿದಳು.

“ಅಕ್ಕಾ, ನೀವು ಅಲ್ಲೇ ಇರ್ತೀರಾ?”

“ಅಲ್ಲೇ ಇರ್ತೀನಿ.”

“ನನಗೆ ಸಾಕು ಅನ್ನಿಸಿದ್ರೆ?”

“ನೆನಪಿದೆಯಲ್ಲ? ‘ಬೇಡ’, ‘ಬಿಡಿ’, ‘ನಿಲ್ಲಿಸಿ’ ಎಲ್ಲಾ ಡೈಲಾಗಲ್ಲೇ ಇದೆ. ನೀನು ನಿಜವಾಗಿ ಕೂಗಿದ್ರೂ ನಟನೆ ಅಂದ್ಕೋತಾರೆ. ಅದಕ್ಕೇ ಮಾತು ಲೆಕ್ಕಕ್ಕಿಲ್ಲ. ಬಲಗೈ ಅಂಗೈಯಿಂದ ಕಪಾಟಿನ ಮೇಲೆ ಮೂರು ಸಲ ಬಡಿ. ಒಂದೆರಡು ಸಲ ಕೈ ತಗುಲೋದು ದೃಶ್ಯದಲ್ಲೇ ಇರುತ್ತೆ, ಮೂರು ಅಂದ್ರೆ ನೀನು ಕರೆದ ಹಾಗೆ. ಯಾರು ಏನೇ ಅನ್ನಲಿ, ನಾನು ನಿಲ್ಲಿಸ್ತೀನಿ.”

ಹುಡುಗಿ ಕನ್ನಡಿಯ ಮುಂದಿನ ಮೇಜಿನ ಮೇಲೆ ಮೂರು ಸಲ ಬಡಿದು ತೋರಿಸಿದಳು. ಬಾಚಣಿಗೆಗಳು ಕುಣಿದವು. ಅವಳು ನಕ್ಕದ್ದನ್ನು ನೋಡಿ ಬೇಲಿಯಕ್ಕನಿಗೆ ಕೊಟ್ಟ ಮಾತಿನ ಭಾರ ಇನ್ನೂ ಹೆಚ್ಚಾಯಿತು. ಯಾರು ಏನೇ ಅನ್ನಲಿ ಎಂದುಬಿಟ್ಟಿದ್ದಳಲ್ಲ, ಅನ್ನುವವರು ಯಾರ್‍ಯಾರೆಂದು ಅವಳಿಗೆ ಚೆನ್ನಾಗಿಯೇ ಗೊತ್ತಿತ್ತು.

ರಿಹರ್ಸಲ್ ಹೂವೆತ್ತಿದಂತೆ ಮುಗಿಯಿತು. ಲೈಟು ಹೊತ್ತಿಸುವ ಹೊತ್ತಿಗೆ ನಿರ್ದೇಶಕನ ತಲೆಯಲ್ಲಿ ಬೇರೆ ದೀಪ ಹೊತ್ತಿತು. “ಹುಡುಗಿ ಕೈ ಕೆಳಗೆ ಸುಮ್ಮನೆ ಜೋತಾಡ್ತಾ ಇದೆ, ನೋಡೋಕೆ ಸಪ್ಪೆ. ಸಾರ್, ಎಡಗೈಯಿಂದ ಅವಳ ಎರಡೂ ಮಣಿಕಟ್ಟು ಸೇರಿಸಿ ತಲೆ ಮೇಲೆ ಹಿಡೀರಿ. ಆ ಅಸಹಾಯಕತೆ ನನಗೆ ಬೇಕು.”

ಹೊಸ ಹಿಡಿತ ಬಂದರೆ ಮೊದಲಿಂದ ಕೇಳಬೇಕು. ಬೇಲಿಯಕ್ಕ ಕೇಳಿದಳು. ಹುಡುಗಿ ಆಗಲಿ ಎಂದಳು. ದೊಡ್ಡವರು ಆಗಲಿ ಎಂದರು. ಬೆರಳು ಸುತ್ತಬೇಕು, ಬಿಗಿಯಬಾರದು ಎಂದು ಬೇಲಿಯಕ್ಕ ತೋರಿಸಿದಳು; ಹುಡುಗಿಯ ಮಣಿಕಟ್ಟಿಗೂ ಅವರ ಬೆರಳಿಗೂ ನಡುವೆ ತನ್ನ ಕಿರುಬೆರಳು ತೂರಿಸಿ ಪರೀಕ್ಷೆ ಮಾಡಿದಳು. ಒಮ್ಮೆ ಹಗುರಾಗಿ ಮಾಡಿಸಿ ನೋಡಿದಳು. ಹಿಂದೆ ನಿರ್ದೇಶಕ ಕೈಗಡಿಯಾರ ನೋಡುತ್ತಿದ್ದ, ಮ್ಯಾನೇಜರ್ ನಿರ್ದೇಶಕನ ಮುಖ ನೋಡುತ್ತಿದ್ದ. ಬೇಲಿಯಕ್ಕ ಸರಿಯೆಂದು ತಲೆಯಾಡಿಸಿದಳು. ಬಡಿಯಬೇಕಾದ ಅಂಗೈಯೇ ಈಗ ಅವರ ಹಿಡಿಯೊಳಗೆ ಇದೆ ಎಂಬುದು ಅವಳಿಗೂ ಹೊಳೆಯಲಿಲ್ಲ, ಹುಡುಗಿಗೂ ಹೊಳೆಯಲಿಲ್ಲ. ಹೆದರಿದವರ ಕಣ್ಣು ಅವಸರದಲ್ಲಿ ಎದುರಿಗಿದ್ದದ್ದನ್ನಷ್ಟೇ ಕಾಣುತ್ತದೆ.

ಇಂಥ ದೃಶ್ಯಕ್ಕೆ ಕೋಣೆಯೊಳಗೆ ಜನ ಕಡಿಮೆ ಇರಬೇಕು. ಕ್ಯಾಮರಾದವನನ್ನೂ ಧ್ವನಿಯವನನ್ನೂ ಬಿಟ್ಟು ಎಲ್ಲರನ್ನೂ ಹೊರಗೆ ಹಾಕಿದ್ದರು. ಪಕ್ಕದ ಕೋಣೆಯಲ್ಲಿ, ಕರೀ ಬಟ್ಟೆಯ ಮರೆಯಲ್ಲಿ, ನಿರ್ದೇಶಕನೂ ಬೇಲಿಯಕ್ಕನೂ ಮಾನಿಟರಿನ ಮುಂದೆ ನಿಂತರು. ಗಾಳಿಯಿಲ್ಲ. ಅವನ ಶರ್ಟಿನ ಸೆಂಟಿನ ವಾಸನೆಗೆ ಅವಳ ತಲೆ ಸುತ್ತುತ್ತಿತ್ತು.

“ಆ್ಯಕ್ಷನ್.”

ಮಾನಿಟರಿನ ಪರದೆಯ ತುಂಬ ಹುಡುಗಿಯ ಮುಖ. ಹಣೆಯಿಂದ ಭುಜದವರೆಗೆ, ಅಷ್ಟೇ. ದೊಡ್ಡವರ ಬೆನ್ನು ಒಂದಿಷ್ಟು, ಮುಂಗೈ ಒಂದಿಷ್ಟು. ಅವರ ಮಾತು ಮುಗಿಯಿತು. ಹುಡುಗಿ “ಬೇಡ” ಎಂದಳು, “ಬಿಡಿ” ಎಂದಳು. ಆಮೇಲೆ ಒಂದು ಮಾತಿತ್ತು, ಅದು ಬರಲಿಲ್ಲ. ತುಟಿ ಅಲುಗಿತು, ಸದ್ದಿಲ್ಲ. ಕಣ್ಣು ದೊಡ್ಡದಾಯಿತು. ಕುತ್ತಿಗೆಯ ನರ ದಾರದಂತೆ ಎದ್ದಿತು.

“ಅಬ್ಬಾ,” ಎಂದು ನಿರ್ದೇಶಕ ಉಸಿರು ಬಿಗಿಹಿಡಿದು ಪಿಸುಗುಟ್ಟಿದ. “ನೋಡಿ, ನೋಡಿ. ಡೈಲಾಗ್ ನುಂಗಿಬಿಟ್ಟಳು. ಇದೇ ನನಗೆ ಬೇಕಾಗಿದ್ದಿದ್ದು.”

ಬೇಲಿಯಕ್ಕನೂ ಒಂದು ಕ್ಷಣ ಹಾಗೆಯೇ ಅಂದುಕೊಂಡಳು. ಅಭ್ಯಾಸಬಲದಿಂದ ಹುಡುಗಿಯ ಬಲಗೈ ಹುಡುಕಿದಳು. ಪರದೆಯಲ್ಲಿ ಕೈ ಇರಲಿಲ್ಲ. ಕೈ ಎಲ್ಲಿ? ತಲೆಯ ಮೇಲೆ, ಚೌಕಟ್ಟಿನ ಆಚೆ, ಇನ್ನೊಬ್ಬರ ಹಿಡಿಯಲ್ಲಿ. ಹುಡುಗಿ ಬಡಿಯುವುದು ಯಾವುದರಿಂದ? ಬಡಿಯುವ ಕೈಯನ್ನು ಹಿಡಿಸಿ, ಹಿಡಿತ ಸರಿಯಿದೆಯೆಂದು ಕಿರುಬೆರಳು ತೂರಿಸಿ ನೋಡಿ ತಲೆಯಾಡಿಸಿದವಳು ತಾನೇ ಅಲ್ಲವೆ? ಬೇಲಿಯೇ ಎದ್ದು ಹೊಲ ಮೇಯ್ದಿತ್ತು.

ನಟನೆಯೋ, ನಿಜವೋ? ಪರದೆಗೆ ಮೂಗು ತಾಗುವಷ್ಟು ಹತ್ತಿರ ಹೋಗಿ ನೋಡಿದರೂ ಅವಳಿಗೆ ಗೊತ್ತಾಗಲಿಲ್ಲ. ಗ್ಲಿಸರಿನ್ ನೆನಪಾಯಿತು. ಆ ನಗು ನೆನಪಾಯಿತು. ಬಾಚಣಿಗೆಗಳು ಕುಣಿದದ್ದು ನೆನಪಾಯಿತು.

“ಕಟ್,” ಎಂದು ಕೂಗಿದಳು.

ಕಟ್ ಎನ್ನುವ ಹಕ್ಕು ಸೆಟ್ಟಿನಲ್ಲಿ ಒಬ್ಬನಿಗೇ. ಮಿಕ್ಕವರು ನಿಲ್ಲಿಸಿ ಎನ್ನಬಹುದು, ಅಯ್ಯೋ ಎನ್ನಬಹುದು, ಬಿದ್ದು ಸಾಯಲೂಬಹುದು. ಕಟ್ ಎನ್ನುವ ಹಾಗಿಲ್ಲ. ನಿರ್ದೇಶಕ ತಿರುಗಿ ಅವಳನ್ನು ನುಂಗುವಂತೆ ನೋಡಿದ. ಅವಳು ಕರೀ ಬಟ್ಟೆ ಸರಿಸಿ ಅಡುಗೆಮನೆಗೆ ನುಗ್ಗಿದಳು. ದೊಡ್ಡವರು ಆಗಲೇ ಕೈ ಬಿಟ್ಟು ದೂರ ಸರಿದಿದ್ದರು. ಹುಡುಗಿ ಕಪಾಟಿಗೆ ಒರಗಿ ನೆಲ ನೋಡುತ್ತಿದ್ದಳು.

“ಏನಾಯ್ತಮ್ಮ? ಎಲ್ಲಾದ್ರೂ ನೋವಾಯ್ತಾ?”

ಹುಡುಗಿ ತಲೆಯೆತ್ತಿದಳು. ಬೇಲಿಯಕ್ಕನ ಹಿಂದೆ ನಿರ್ದೇಶಕ, ಅವನ ಹಿಂದೆ ಮ್ಯಾನೇಜರ್, ಬಾಗಿಲಲ್ಲಿ ಲೈಟಿನವರು. “ಇಲ್ಲ ಅಕ್ಕ. ಏನಿಲ್ಲ. ಆ್ಯಕ್ಟಿಂಗು.”

“ನಾನು ಹಗುರಕ್ಕೇ ಹಿಡಿದಿದ್ದೆ,” ಎಂದರು ದೊಡ್ಡವರು, ಮುಖ ಕೆಂಪಾಗಿತ್ತು. “ಬೇಕಾದ್ರೆ ಅವಳ ಕೈ ನೋಡಿ.”

ಎಲ್ಲರೂ ಹುಡುಗಿಯ ಮಣಿಕಟ್ಟು ನೋಡಿದರು. ಒಂದು ಗೆರೆ ಕೂಡ ಇರಲಿಲ್ಲ. ಯಾರೋ ‘ಗ್ಲಿಸರಿನ್’ ಎಂದರು, ಯಾರೋ ಕಿಸಕ್ಕೆಂದರು. ಬೇಲಿಯಕ್ಕನ ಕಿವಿ ಬಿಸಿಯಾಯಿತು.

ನಿರ್ದೇಶಕ ರೇಗಲಿಲ್ಲ. ರೇಗಿದ್ದರೆ ವಾಸಿಯಿತ್ತು. “ಅಂಥಾ ಟೇಕು ಮತ್ತೆ ಸಿಗಲ್ಲಮ್ಮ,” ಎಂದ, ತಣ್ಣಗೆ. “ಚಿನ್ನದಂಥ ಟೇಕು. ಕೊನೆ ಅರ್ಧ ಹೋಯ್ತು. ಇನ್ನೊಂದು ಸಲ ಮಾಡೋಣ. ಇನ್ನೊಂದು ಸಲ ನಿಮ್ಮ ಬಾಯಿ ತೆರೆದರೆ ಹಾಗೇ ಮನೆಗೆ. ಆಮೇಲೆ ಈ ಫೀಲ್ಡಲ್ಲಿ ನಿಮಗೆ ಯಾರು ಕೆಲಸ ಕೊಡ್ತಾರೋ ನಾನೂ ನೋಡ್ತೀನಿ.”

ಅವಳು ಆಗಲೇ ಚೀಲ ಎತ್ತಿಕೊಂಡು ಹೊರಟಿದ್ದರೆ ಯಾರೂ ಬೇಡವೆನ್ನುತ್ತಿರಲಿಲ್ಲ. ಹೊರಡುವ ಮನಸ್ಸೂ ಬಂದಿತ್ತು. ಆದರೆ ಅಲ್ಲೇ ಇರ್ತೀನಿ ಎಂದು ಆಡಿದ ಮಾತು ಕಾಲಿಗೆ ತೊಡರಿತು. ಸಣ್ಣ ದನಿಯಲ್ಲಿ ಕೇಳಿದಳು, “ಈ ಸಲ ನಾನು ಒಳಗೇ ಇರ್ತೀನಿ ಸಾರ್. ಕಾಣದ ಹಾಗೆ ಮೂಲೆಯಲ್ಲಿ ಕೂತ್ಕೋತೀನಿ.”

“ಎಲ್ಲಾದ್ರೂ ಕೂತ್ಕೊಳ್ಳಿ, ಬಾಯಿ ಮುಚ್ಕೊಂಡು ಕೂತ್ಕೊಳ್ಳಿ.”

ಹುಡುಗಿಯ ಸೊಂಟದ ದಿಂಬು ಸರಿಪಡಿಸುವ ನೆಪದಲ್ಲಿ ಬಾಗಿ ಅವಳ ಕಿವಿಯಲ್ಲಿ ಹೇಳಿದಳು. “ಕೈ ಕಟ್ಟಿಹಾಕಿದ್ದು ನನ್ನ ತಪ್ಪು. ಈ ಸಲ ಕಾಲು. ಹಿಮ್ಮಡಿಯಿಂದ ಕಪಾಟಿನ ಕೆಳಹಲಗೆಗೆ ಬಡಿ. ಮೂರು ಸಲ.”

“ಬೇಡ ಅಕ್ಕ. ನಾನು ಆರಾಮಾಗಿದ್ದೀನಿ,” ಎಂದಳು ಹುಡುಗಿ. ದನಿ ಒಡೆದಿತ್ತು. ಇಂಥ ದೃಶ್ಯ ಮಾಡಿದ ಮೇಲೆ ಯಾರ ದನಿಯೂ ಒಡೆಯುತ್ತದೆ ಎಂದುಕೊಂಡಳು ಬೇಲಿಯಕ್ಕ. ಅಂದುಕೊಂಡರೂ ಸಮಾಧಾನವಾಗಲಿಲ್ಲ.

ಒಲೆಯ ಕಟ್ಟೆಯ ಪಕ್ಕ, ಪಾತ್ರೆಗಳ ಸಾಲಿನ ಹಿಂದೆ ಅವಳು ಮುದುಡಿ ಕೂತಳು. ಸವೆದ ಮಂಡಿಗಳು ಕಟಕಟ ಎಂದವು. ಅಲ್ಲಿಂದ ಮುಖ ಕಾಣುವುದಿಲ್ಲ. ಕಪಾಟಿನ ಕೆಳಭಾಗ, ಹುಡುಗಿಯ ಬರಿಗಾಲು, ದೊಡ್ಡವರ ಬೂಟು, ಇಷ್ಟೇ. ಎದೆ ಎಷ್ಟು ಜೋರಾಗಿ ಬಡಿಯುತ್ತಿತ್ತೆಂದರೆ ಧ್ವನಿಯವನ ಮೈಕಿಗೆ ಕೇಳೀತೆಂದು ಕೈಯಿಂದ ಒತ್ತಿ ಹಿಡಿದಳು. ಕ್ಯಾಮರಾದವನು ಹೇಳುವುದು ಕೇಳಿಸಿತು: “ಸಾರ್, ಹೋದ ಸಲದ ಹಾಗೇ ಇನ್ನೂ ಸ್ವಲ್ಪ ಮುಂದಕ್ಕೆ ಬಾಗಿ. ಇಲ್ಲಾಂದ್ರೆ ಅವಳ ಮುಖದ ಮೇಲೆ ನಿಮ್ಮ ನೆರಳು ಬೀಳುತ್ತೆ.”

“ಆ್ಯಕ್ಷನ್.”

ಬೂಟುಗಳು ಬಂದವು. ಬರಿಗಾಲುಗಳು ಹಿಂದೆ ಸರಿದು ಕಪಾಟಿಗೆ ತಾಗಿದವು. ದೊಡ್ಡವರ ಮಾತು ಮುಗಿಯಿತು. “ಬೇಡ.” “ಬಿಡಿ.” ಬೂಟಿನ ಹಿಂಭಾಗ ನೆಲದಿಂದ ಮೇಲೆದ್ದಿತು. ಅಂದರೆ ಮೈಯೆಲ್ಲ ಮುಂದಕ್ಕೆ ವಾಲಿದೆ. ವಾಲಿದ ಮೈಯ ಭಾರ ಎಲ್ಲಿ ಕೂತಿದೆ? ನಿನ್ನೆ ಸಂಜೆ ತಾನು ಎಡಗೈಯನ್ನು ಬೀರುವಿನ ಮೇಲೆ ಊರಿದಾಗ ಭಾರವೆಲ್ಲ ಅದಕ್ಕೆ ಹೋಗಿತ್ತು. ಇವರ ಎಡಗೈ ಕಪಾಟಿನ ಮೇಲಿಲ್ಲ, ಮಣಿಕಟ್ಟಿನ ಮೇಲಿದೆ, ಅದೂ ಬಿಗಿಯದೆ. ಉಳಿದದ್ದು ಮುಂಗೈ. ‘ಏ, ಕತ್ತು ಕಣೇ, ಕತ್ತು.’

ಟಕ್.

ಹಿಮ್ಮಡಿ ಹಲಗೆಗೆ ತಾಗಿತು. ಬೇಲಿಯಕ್ಕನ ಮೈಯೆಲ್ಲ ಕಿವಿಯಾಯಿತು.

ಟಕ್.

ಆಮೇಲೆ ಕಾಲು ಹಲಗೆಯಿಂದ ದೂರ ಬಂದು ಗಾಳಿಯಲ್ಲೇ ನಿಂತಿತು. ಬೆರಳುಗಳು ಮುದುಡಿಕೊಂಡವು. ಮೂರನೆಯದು ಬರಲಿಲ್ಲ. ಒಂದೆರಡು ಸಲ ತಗುಲೋದು ದೃಶ್ಯದಲ್ಲೇ ಇರುತ್ತೆ ಎಂದು ಹೇಳಿಕೊಟ್ಟವಳು ತಾನೇ. ಮೂರಾಗದೆ ಕೂಗಿದರೆ ಕೆಲಸ ಹೋಯಿತು, ಹೆಸರು ಹೋಯಿತು. ಆ ಕಾಲು ಅಲ್ಲೇ ನಡುಗುತ್ತಿತ್ತು. ತನಗೆ ಇದ್ದ ಹೆದರಿಕೆಯೇ ಆ ಕಾಲಿನಲ್ಲೂ ಇದೆ ಎಂದು ಬೇಲಿಯಕ್ಕನಿಗೆ ಒಮ್ಮೆಲೇ ತಿಳಿಯಿತು. ಅವಳು ಬಾಯಿ ತೆರೆದಳು. ದನಿ ಹೊರಡಲಿಲ್ಲ. ಕೈಗೆ ಸಿಕ್ಕಿದ ಪಾತ್ರೆಯ ಮುಚ್ಚಳವನ್ನು ಎತ್ತಿ ನೆಲಕ್ಕೆ ಅಪ್ಪಳಿಸಿದಳು.

ಆ ಸದ್ದಿಗೆ ದೊಡ್ಡವರು ಹಾರಿ ಹಿಂದಕ್ಕೆ ಬಿದ್ದರು. ಹುಡುಗಿ ಕಪಾಟಿಗೆ ಬೆನ್ನು ಉಜ್ಜುತ್ತ ಕೆಳಕ್ಕೆ ಜಾರಿದಳು. ಕೆಮ್ಮಿದಳು. ಕೆಮ್ಮು ನಿಲ್ಲಲಿಲ್ಲ. ಎರಡು ಕೈಯಲ್ಲೂ ಕತ್ತು ಹಿಡಿದುಕೊಂಡು, ಎಳೆದ ಉಸಿರು ಒಳಗೆ ಹೋಗದೆ ಕೀಚಲು ಸದ್ದು ಮಾಡುತ್ತ ಕೆಮ್ಮಿದಳು. ಮೇಕಪ್ಪಿನ ಕೆಳಗಿಂದ ಕತ್ತಿನ ಅಡ್ಡಕ್ಕೆ ಒಂದು ಕೆಂಪು ಪಟ್ಟಿ ಎದ್ದು ಬರುತ್ತಿತ್ತು. ಈ ಸಲ ಯಾರೂ ಕಿಸಕ್ಕೆನ್ನಲಿಲ್ಲ.

ಬೇಲಿಯಕ್ಕ ಅವಳನ್ನು ಎದೆಗೊರಗಿಸಿಕೊಂಡು ನೀರು ಕುಡಿಸಿದಳು.

“ಮೊದಲನೇ ಸಲವೂ ಹೀಗೇ ಆಗಿತ್ತಾ?”

ಹುಡುಗಿ ಹೌದೆಂದು ತಲೆಯಾಡಿಸಿದಳು. “ಬೆರಳಿಂದ ಬಡಿದೆ ಅಕ್ಕ. ಗಾಳಿಗೆ.”

“ಮತ್ತೆ ಯಾಕಮ್ಮ ಏನಿಲ್ಲ ಅಂದೆ?”

“ಎಲ್ಲರೂ ನೋಡ್ತಾ ಇದ್ರು. ಆಮೇಲೆ ಸಾರ್ ಚಿನ್ನದಂಥ ಟೇಕು ಅಂದ್ರು. ಚೆನ್ನಾಗಿ ಬರಬೇಕು ಅಂದ್ರೆ ಉಸಿರು ಸಿಗಬಾರದೇನೋ ಅಂದ್ಕೊಂಡೆ.” ಮತ್ತೆ ಕೆಮ್ಮಿದಳು. “ಈಗಲೂ ಎರಡೇ ಬಡಿದದ್ದು. ಮೂರನೇದಕ್ಕೆ ಧೈರ್ಯ ಬರಲಿಲ್ಲ.”

“ಮೂರು ಅಂದಿದ್ದೇ ನನ್ನ ದಡ್ಡತನ. ಇನ್ಮೇಲೆ ಒಂದು ಸಾಕು.”

ದೊಡ್ಡವರು ನೆಲದ ಮೇಲೆ ಬಿದ್ದಲ್ಲೇ ಕೂತಿದ್ದರು. ತಮ್ಮ ಬಲ ಮುಂಗೈಯನ್ನು ಬೇರೆಯವರದೆಂಬಂತೆ ನೋಡಿಕೊಳ್ಳುತ್ತಿದ್ದರು. “ನನಗೆ ಗೊತ್ತಾಗಲಿಲ್ಲ,” ಎಂದರು. “ಬಾಗಿ ಅಂದ್ರು, ಬಾಗಿದೆ. ಅವಳು ನಟಿಸ್ತಾ ಇದ್ದಾಳೆ ಅಂತಲೇ...” ಅವರನ್ನು ಎಬ್ಬಿಸಲು ಯಾರೂ ಮುಂದೆ ಬರಲಿಲ್ಲ. ಬಹುಶಃ ಅವರ ಜೀವನದಲ್ಲೇ ಇದು ಮೊದಲು.

ಬೇಲಿಯಕ್ಕನ ಕಣ್ಣು ಹುಡುಗಿಯ ಸೊಂಟಕ್ಕೆ ಕಟ್ಟಿದ್ದ ಪುಟ್ಟ ದಿಂಬಿನ ಮೇಲೆ ಬಿತ್ತು. ಅಕ್ಕ ಎಷ್ಟು ಚೆಂದ ಹೊಲಿದಿದ್ದಳು. ಎದೆಗೆ ಒಂದು, ಸೊಂಟಕ್ಕೆ ಒಂದು. ಎಲ್ಲಿ ಮುಟ್ಟಬಾರದೆಂದು ಕೇಳುವಾಗಲೂ ಎದೆ, ತೊಡೆ, ಸೊಂಟ ಎಂದೇ ಕೇಳಿದ್ದಳು. ಮಾನಕ್ಕೆಲ್ಲ ಅಳತೆ ತೆಗೆದುಕೊಂಡಿದ್ದಳು, ಪ್ರಾಣಕ್ಕೆ ತೆಗೆದುಕೊಳ್ಳಲಿಲ್ಲ. ಕತ್ತನ್ನು ಅವಳಕ್ಕ ಮನೆಯಲ್ಲೇ ಹೇಳಿದ್ದಳು, ಬಾಯಿಬಿಟ್ಟು ಹೇಳಿದ್ದಳು. ಆಮೇಲಿನ ನಗುವಿನಲ್ಲಿ ಅದು ಮರೆತೇಹೋಗಿತ್ತು. ಇದನ್ನು ನೆನೆದು ಅವಳಿಗೆ ಅಳು ಬಂತು, ಅಳುವ ಹೊತ್ತಲ್ಲವೆಂದು ನುಂಗಿಕೊಂಡಳು.

ನಿರ್ದೇಶಕ ಬಾಗಿಲಲ್ಲಿ ನಿಂತಿದ್ದ. ಮುಖ ಬಾಡಿತ್ತು. “ಸಾಕು. ಇನ್ನು ಟೇಕು ಬೇಡ. ಅವಳಿಗೆ ಡಾಕ್ಟರನ್ನ ಕರೆಸಿ,” ಎಂದ. ಎಲ್ಲರೂ ಹಗುರಾಗಿ ಉಸಿರು ಬಿಟ್ಟರು. ಅವನು ಕ್ಯಾಮರಾದವನ ಕಡೆ ತಿರುಗಿದ. “ಮೊದಲನೇದರಲ್ಲಿ ನನಗೆ ಬೇಕಾದಷ್ಟು ಸಿಕ್ಕಿದೆ. ಆ ಮುಖ ಸಾಕು. ಅಷ್ಟನ್ನೇ ಇಟ್ಕೊಂಡು ಹೊಂದಿಸ್ಕೋತೀನಿ.”

ಲೈಟಿನವರು ವೈರು ಸುತ್ತತೊಡಗಿದರು. ಮ್ಯಾನೇಜರ್ ಫೋನು ಹಚ್ಚಿದ. ಬೇಲಿಯಕ್ಕನಿಗೆ ಮಾತ್ರ ಹೋದ ಹೆದರಿಕೆ ಇಮ್ಮಡಿಯಾಗಿ ಮರಳಿ ಬಂತು. ಆ ಮುಖವೆಂದರೆ ಯಾವ ಮುಖ? ಉಸಿರು ಸಿಗದೆ ಸಾಯುತ್ತೇನೆಂದುಕೊಂಡ ಮುಖ. ಅದನ್ನು ಮನೆಮನೆಯಲ್ಲಿ 'ಎಂಥಾ ನಟನೆ' ಎಂದು ನೋಡುತ್ತಾರೆ. ಈ ಹುಡುಗಿ ಬದುಕಿರುವಷ್ಟು ಕಾಲ ಅದು ಎಲ್ಲಾದರೂ ಓಡುತ್ತಲೇ ಇರುತ್ತದೆ. ಬೇಲಿಯಕ್ಕ ಎದ್ದು ನಿಂತಳು.

“ಸಾರ್, ಅದು ಬಳಸೋ ಹಾಗಿಲ್ಲ. ಅವಳು ಒಪ್ಪಿದ್ದು ನಟಿಸೋಕೆ. ಅದು ನಟನೆ ಅಲ್ಲ.”

“ಆಗಿದ್ದು ಆಗಿಹೋಯ್ತಮ್ಮ. ನೋವು ಹೇಗೂ ತಿಂದಿದ್ದಾಳೆ, ಅದು ದಂಡ ಆಗಬೇಕಾ? ಅದನ್ನ ನೋಡಿ ಜನ ಅತ್ತುಬಿಡ್ತಾರೆ. ಅವಳ ಜೀವನವೇ ಬದಲಾಗುತ್ತೆ.” ಅವನ ದನಿಯಲ್ಲಿ ಕೆಡುಕಿರಲಿಲ್ಲ. ಅವನು ನಿಜಕ್ಕೂ ಹಾಗೆಯೇ ನಂಬಿದ್ದ. ಬೇಲಿಯಕ್ಕನಿಗೆ ಹೆಚ್ಚು ಭಯವಾದದ್ದು ಅದಕ್ಕೇ. “ಬೇಕಾದ್ರೆ ಅವಳನ್ನೇ ಕೇಳಿ. ಏನಮ್ಮಾ?”

ಎಲ್ಲರ ಕಣ್ಣೂ ಮತ್ತೆ ಹುಡುಗಿಯ ಮೇಲೆ. ಆಗಲೂ ಹೀಗೇ ನೋಡಿದ್ದರು, ಆಗ ಅವಳು ಏನಿಲ್ಲ ಎಂದಿದ್ದಳು. ಬೇಲಿಯಕ್ಕನಿಗೆ ಅವಳ ಪರವಾಗಿ ಉತ್ತರ ಕೊಡಬೇಕೆಂದು ನಾಲಿಗೆಯ ತುದಿಗೆ ಬಂತು. ಕೊಡುವ ಹಾಗಿರಲಿಲ್ಲ. ಅದು ಅವಳದೇ ಮಾತಾಗಬೇಕು. ಕೈ ಹಿಡಿದುಕೊಳ್ಳುವುದಷ್ಟೇ ಅವಳಿಗೆ ಉಳಿದದ್ದು, ಅದನ್ನೂ ಬಿಗಿಯದೆ ಹಿಡಿದಳು.

ಹುಡುಗಿ ಕತ್ತಿನ ಮೇಲಿದ್ದ ಕೈ ತೆಗೆದಳು. ಕೆಂಪು ಪಟ್ಟಿ ಎಲ್ಲರಿಗೂ ಕಂಡಿತು.

“ಬೇಡ,” ಎಂದಳು.

ದನಿ ಒಡೆದಿತ್ತು, ದೊಡ್ಡದಾಗಿಯೂ ಇರಲಿಲ್ಲ. ಬೆಳಗಿನಿಂದ ಅವಳ ಬಾಯಲ್ಲಿ ಅದೇ ಮಾತನ್ನು, ರಿಹರ್ಸಲಿನಲ್ಲಿ, ಟೇಕಿನಲ್ಲಿ, ಎಷ್ಟೋ ಸಲ ಎಲ್ಲರೂ ಕೇಳಿದ್ದರು. ಕೇಳಿಯೂ ಲೈಟು ಸರಿಮಾಡುತ್ತ, ಟೀ ಹೀರುತ್ತ ತಮ್ಮ ತಮ್ಮ ಕೆಲಸದಲ್ಲಿದ್ದರು. ಈಗ ವೈರು ಸುತ್ತುವ ಕೈಗಳು ನಿಂತವು. ಮ್ಯಾನೇಜರ್ ಫೋನು ಕೆಳಗಿಳಿಸಿದ. ನೆಲದ ಮೇಲೆ ಕೂತಿದ್ದ ದೊಡ್ಡವರು, “ಅಳಿಸಿಬಿಡಿ. ಇಲ್ಲಾಂದ್ರೆ ನನ್ನ ಮುಖವೂ ನಿಮಗೆ ಸಿಗಲ್ಲ,” ಎಂದರು. ನಿರ್ದೇಶಕ ಹುಡುಗಿಯ ಕತ್ತಿನ ಕಡೆ ನೋಡಿ, ಕ್ಯಾಮರಾದವನಿಗೆ ಹೂಂ ಎಂದು ಸನ್ನೆ ಮಾಡಿ ಹೊರಗೆ ಹೋದ.

ಅಳಿಸಿದ್ದನ್ನು ಬೇಲಿಯಕ್ಕ ಪಕ್ಕದಲ್ಲೇ ನಿಂತು, ಕಣ್ಣಾರೆ ನೋಡಿಕೊಂಡಳು. ಹುಡುಗಿಯೂ ಅವಳ ತೋಳು ಹಿಡಿದು ನಿಂತು ನೋಡಿದಳು. ಮಾನಿಟರ್ ಖಾಲಿಯಾದ ಮೇಲೂ ಆ ತೋಳು ಬಿಡಲಿಲ್ಲ.